ನಿಮಗಿದು ಗೊತ್ತೇ? ಡ್ರಮ್ಮರ್ ಇಲ್ಲ, ಟೇಪ್ ಇದೆ!

ತಿಪಟೂರಿನ ಗಣೇಶೋತ್ಸವವಿರಲಿ, ತುರುವೇಕೆರೆಯ ಮದುವೆ ಆರತಕ್ಷತೆಯಿರಲಿ, ಆರ್ಕೆಸ್ಟ್ರಾ ಅಂದಮೇಲೆ ಕೀಬೋರ್ಡ್ ಇರಲೇಬೇಕು. ಕೊಳಲೂ ಅದರಲ್ಲೇ, ತಬಲವೂ ಅದರಲ್ಲೇ! ಆ ಕೀಬೋರ್ಡನ್ನೇ ನಂಬಿ ಜಗತ್ತು ಸುತ್ತಿದ ತಂಡವೊಂದಿದೆ. ಹೆಸರು ಡಿಪೆಷ್ ಮೋಡ್. ಅವರ ಕಥೆ ಕೇಳಿ. ನಮ್ಮ ಕಡೆಯ ಒಂದಿಷ್ಟು ಸೋಜಿಗವೂ ಜೊತೆಗಿದೆ!

1980. ಇಂಗ್ಲೆಂಡಿನ ಬಾಸಿಲ್ಡನ್ ಊರಿನ ನಾಲ್ವರು ಹುಡುಗರು ತಂಡ ಕಟ್ಟಿದರು. ಡ್ರಮ್ಮರ್ ಮಾತ್ರ ಇಲ್ಲ! ಕಾರ್ಯಕ್ರಮಗಳಲ್ಲಿ ತಾಳ ಹಾಕುತ್ತಿದ್ದದ್ದು ಟೇಪ್ ರೆಕಾರ್ಡರ್. ಅದನ್ನು ಪರದೆ ಹಿಂದೆ ಬಚ್ಚಿಡಲೂ ಇಲ್ಲ. ವೇದಿಕೆ ಮೇಲೆ ಎಲ್ಲರಿಗೂ ಕಾಣುವಂತೆ ಇಟ್ಟಿದ್ದರು!

ಅವರ ಹೆಸರು ಎಲ್ಲಿಂದ ಬಂತು ಗೊತ್ತೇ? ಫ್ರಾನ್ಸಿನ ಒಂದು ಫ್ಯಾಷನ್ ಪತ್ರಿಕೆಯಿಂದ!

ಮೊದಲ ಸಲ ಟಿ.ವಿ.ಯಲ್ಲಿ ಹಾಡಲು ಹೊರಟಾಗ ಕಾರಿಲ್ಲ, ವ್ಯಾನಿಲ್ಲ. ಸಿಂಥಸೈಜರ್ ಕೀಬೋರ್ಡನ್ನು ಕಂಕುಳಲ್ಲಿ ಇರುಕಿಕೊಂಡು ರೈಲು ಹತ್ತಿದರು!

1981ರ ಮೊದಲ ಆಲ್ಬಂ ‘ಸ್ಪೀಕ್ ಅಂಡ್ ಸ್ಪೆಲ್’. ಅದು ಮಾತಾಡುವ ಒಂದು ಆಟಿಕೆಯ ಹೆಸರು. ಮಕ್ಕಳಿಗೆ ಸ್ಪೆಲ್ಲಿಂಗ್ ಕಲಿಸುತ್ತಿದ್ದ ಆ ಆಟಿಕೆಯನ್ನು ಮಾಡಿದ್ದು ಟೆಕ್ಸಾಸ್ ಇನ್‌ಸ್ಟ್ರುಮೆಂಟ್ಸ್. ಅದೇ ಕಂಪನಿ 1985ರಲ್ಲಿ ಬೆಂಗಳೂರಿಗೆ ಬಂತು. ಅದರ ಉಪಗ್ರಹ ಆಂಟೆನಾ ಬಂದದ್ದು ಹೇಗೆ? ಎತ್ತಿನ ಗಾಡಿಯಲ್ಲಿ!

ಆ ಆಲ್ಬಂನ ಹೆಚ್ಚಿನ ಹಾಡುಗಳನ್ನು ಬರೆದ ವಿನ್ಸ್ ಕ್ಲಾರ್ಕ್ ಅದೇ ವರ್ಷ ತಂಡ ಬಿಟ್ಟರು. ಮುಗೀತು ಕಥೆ ಅಂದುಕೊಂಡಿರಾ? ತಂಡ ನಲವತ್ತು ವರ್ಷ ದಾಟಿಯೂ ಹಾಡುತ್ತಿದೆ!

1983ರ ಆಲ್ಬಂಗೆ ಇವರು ಕಬ್ಬಿಣದ ತುಂಡು, ಪೈಪುಗಳಿಗೆ ಬಡಿದು ಸದ್ದು ಹಿಡಿದರು. ಆ ಸದ್ದನ್ನು ಸ್ಯಾಂಪ್ಲರ್ ಯಂತ್ರಕ್ಕೆ ತುಂಬಿದರು. ಆಮೇಲೆ ಕೀಲಿ ಒತ್ತಿದರೆ ಸಾಕು, ಪೈಪೂ ಹಾಡುತ್ತದೆ!

ಅಂಥ ಸದ್ದು ನಮ್ಮ ಅಟ್ಟದಲ್ಲೂ ಉಂಟು! ಸಿಪ್ಪೆ ಸುಲಿಯದ ತೆಂಗಿನಕಾಯಿ ಅಟ್ಟದ ಮೇಲೆ ತಿಂಗಳುಗಟ್ಟಲೆ ಕೂರುತ್ತದೆ. ಒಳಗಿನ ನೀರು ಆರುತ್ತದೆ. ತಿರುಳು ಒಣಗಿ, ಕುಗ್ಗಿ, ಕರಟ ಬಿಡುತ್ತದೆ. ಕಿವಿ ಹತ್ತಿರ ಹಿಡಿದು ಅಲ್ಲಾಡಿಸಿ: ಗಡಗಡ! ಗಿಟುಕು ಕೊಬ್ಬರಿ ಸಿದ್ಧ ಅಂತ ಕಾಯಿಯೇ ಹೇಳುತ್ತದೆ!

ಖಾಲಿ ಕರಟವೂ ಸುಮ್ಮನೆ ಕೂತಿಲ್ಲ. ಸಿನಿಮಾ, ರೇಡಿಯೋ ನಾಟಕಗಳಲ್ಲಿ ಕುದುರೆ ಓಡುವ ಸದ್ದಿಗೆ ಎರಡು ಹೋಳು ಕರಟ ಬಡಿಯುವುದು ಹಳೆಯ ಉಪಾಯ. ಕುದುರೆಯೇ ಬೇಡ!

ಕರಟ ಇರಲಿ, ಮತ್ತೆ ಸಿಂಥಸೈಜರಿಗೆ ಬರೋಣ. 1979ರಲ್ಲಿ ಇಂಗ್ಲೆಂಡಿನ ಗ್ಯಾರಿ ನ್ಯೂಮನ್ ಸಿಂಥಸೈಜರ್ ಹಾಡಿನಿಂದ ಅಲ್ಲಿನ ಜನಪ್ರಿಯ ಹಾಡುಗಳ ಪಟ್ಟಿಯ ತುದಿಗೇರಿದರು. ಅದೇ ವರ್ಷ ಬೆಂಗಳೂರಿನಲ್ಲೇನಾಯಿತು? ಎಚ್‌ಎಎಲ್‌ನಲ್ಲಿ ಎಂಜಿನಿಯರಾಗಿದ್ದ ಕೊಳಲುಗಾರ ಜಿ. ರಾಜ್ ನಾರಾಯಣ್ ಎಲೆಕ್ಟ್ರಾನಿಕ್ ತಂಬೂರಿ ಮಾಡಿದರು. ತಂತಿ ಇಲ್ಲ, ಮೀಟುವವರಿಲ್ಲ, ಶ್ರುತಿ ಮಾತ್ರ ನಿಲ್ಲುವುದಿಲ್ಲ!

ಅದರ ಹಿಂದಿನ ವರ್ಷ, 1978ರಲ್ಲಿ, ನಮ್ಮ ಡಾ. ರಾಜ್‌ಕುಮಾರ್ ಇಂಗ್ಲಿಷ್ ಹಾಡನ್ನೇ ಹಾಡಿಬಿಟ್ಟರು! ಚಿತ್ರ ‘ಆಪರೇಷನ್ ಡೈಮಂಡ್ ರಾಕೆಟ್’, ಸಂಗೀತ ಜಿ.ಕೆ. ವೆಂಕಟೇಶ್. ಅಣ್ಣಾವ್ರು ಪಳಗಿದ್ದು ಎಲ್ಲಿ? ತಿಪಟೂರಿನ ಪಕ್ಕದ ತಾಲ್ಲೂಕಿನ ಗುಬ್ಬಿ ವೀರಣ್ಣನವರ ನಾಟಕ ಕಂಪನಿಯಲ್ಲಿ!

1982ರಲ್ಲಿ ಮುಂಬೈನ ಚರಣ್‌ಜಿತ್ ಸಿಂಗ್ ಹತ್ತು ರಾಗಗಳನ್ನು ಸಿಂಥಸೈಜರಿನಲ್ಲಿ ಡಿಸ್ಕೋ ತಾಳಕ್ಕೆ ಕೂರಿಸಿದರು. ಅದರಲ್ಲಿ ಭೂಪಾಲಿಯೂ ಇದೆ, ಅಂದರೆ ನಮ್ಮ ಮೋಹನ! ಆಗ ಯಾರೂ ಅಷ್ಟಾಗಿ ಕೇಳಲಿಲ್ಲ. 2010ರಲ್ಲಿ ಮತ್ತೆ ಹೊರಬಂದಾಗ ವಿದೇಶದವರು ಬೆರಗಾದರು. ಅಮೆರಿಕದ ಷಿಕಾಗೋ ಹುಡುಗರು 1987ರಲ್ಲಿ ಹೆಸರು ಮಾಡಿದ ಸದ್ದು ಇಲ್ಲಿ ಐದು ವರ್ಷ ಮೊದಲೇ ಇತ್ತು!

1988ರ ಜೂನ್ 18. ಕಂಕುಳಲ್ಲಿ ಸಿಂಥಸೈಜರ್ ಹಿಡಿದು ರೈಲು ಹತ್ತಿದ್ದ ಡಿಪೆಷ್ ಮೋಡ್ ತಂಡ ಅಮೆರಿಕದ ರೋಸ್ ಬೌಲ್ ಕ್ರೀಡಾಂಗಣದಲ್ಲಿ. ಎದುರಿಗೆ 60 ಸಾವಿರಕ್ಕೂ ಹೆಚ್ಚು ಜನ! ಆ ಪ್ರವಾಸದ 101ನೇ ಕಾರ್ಯಕ್ರಮ ಅದು. ಆ ಕಾರ್ಯಕ್ರಮದ ಆಲ್ಬಂಗೂ ಅದೇ ಹೆಸರಿಟ್ಟರು: ‘101’!

ಇನ್ನೊಂದು ತಮಾಷೆ. ಯಂತ್ರದ ತಂಡವೆಂದು ಹೆಸರಾದವರು 1989ರ ‘ಪರ್ಸನಲ್ ಜೀಸಸ್’ ಹಾಡಿಗೆ ಗಿಟಾರ್ ಎತ್ತಿಕೊಂಡರು. 2002ರಲ್ಲಿ ಅದನ್ನೇ ಮತ್ತೆ ಹಾಡಿದ್ದು ಯಾರು? ಎಪ್ಪತ್ತರ ಅಂಚಿನಲ್ಲಿದ್ದ ಕಂಟ್ರಿ ಸಂಗೀತದ ಜಾನಿ ಕ್ಯಾಶ್! ಸಿಂಥಸೈಜರಿಲ್ಲದೆಯೂ ಹಾಡು ಗೆದ್ದಿತು ನೋಡಿ!