ಅಮ್ಮನ ಹೆಸರು ಎಷ್ಟು ಉದ್ದ?

ಕಳೆದ ಸೆಮಿಸ್ಟರ್‌ನಲ್ಲಿ ನಮ್ಮ ಕಾಲೇಜಿನಲ್ಲಿ ಪೋಷಕರ ಸಭೆ ಇತ್ತು. ಬರುವವರಿಗೆ ಹೆಸರಿನ ಬ್ಯಾಡ್ಜ್ ಮುದ್ರಿಸುವ ಪ್ರೋಗ್ರಾಂ ಬರೆದುಕೊಡುತ್ತೇನೆ ಎಂದು ನಾನೇ ಮುಂದೆ ಬಿದ್ದು ಒಪ್ಪಿಕೊಂಡಿದ್ದೆ. ಆಗಷ್ಟೇ ರಸ್ಟ್ ಕಲಿಯುತ್ತಿದ್ದೆ, ಹುರುಪಿತ್ತು. ಬ್ಯಾಡ್ಜ್ ಚಿಕ್ಕದು, ಉದ್ದನೆಯ ಹೆಸರು ಹಿಡಿಸುವುದಿಲ್ಲ. ಹತ್ತರ ಆಚೆಗಿನದನ್ನು ಕತ್ತರಿಸುವ ಒಂದು ಸಾಲು ಬರೆದೆ. ಇಂಗ್ಲಿಷ್ ಹೆಸರುಗಳ ಪಟ್ಟಿ ಕೊಟ್ಟಾಗ ಸಲೀಸಾಗಿ ನಡೆಯಿತು.

ಸಭೆಗೆ ಎರಡು ದಿನ ಇದೆ ಎನ್ನುವಾಗ ಸರ್, ‘ಹಳ್ಳಿ ಕಡೆಯಿಂದ ಬರುವವರೇ ಹೆಚ್ಚು, ಹೆಸರು ಕನ್ನಡದಲ್ಲೇ ಇರಲಿ ಕಣಪ್ಪ’ ಎಂದರು. ಮನೆಗೆ ಬಂದು ಮೊದಲು ಅಮ್ಮನ ಹೆಸರನ್ನೇ ಹಾಕಿದೆ: ಲಕ್ಷ್ಮಿ. ಪ್ರೋಗ್ರಾಂ ಅಲ್ಲೇ ಕೈಕೊಟ್ಟಿತು. 10ನೇ ಬೈಟ್ ಅಕ್ಷರದ ಗಡಿಯಲ್ಲಿಲ್ಲ, ‘ಷ’ದ ಒಳಗಿದೆ ಎಂಬ ಸಂದೇಶ ಬಂತು. ಎರಡಕ್ಷರದ ಹೆಸರಿನಲ್ಲಿ ಹತ್ತನೆಯದು ಎಲ್ಲಿಂದ ಬಂತು?

ರಸ್ಟ್‌ನ ಸ್ಟ್ರಿಂಗ್ ಒಳಗೆ ಇರುವುದು ಯುಟಿಎಫ್-8 ಬೈಟ್‌ಗಳು. ಇಂಗ್ಲಿಷಿನ ಅಕ್ಷರಕ್ಕೆ 1 ಬೈಟ್ ಸಾಕು, ಕನ್ನಡದ ಒಂದೊಂದು ಯೂನಿಕೋಡ್ ಚಿಹ್ನೆಗೂ 3 ಬೇಕು. ಲ, ಕ, ಹಲಂತ, ಷ, ಹಲಂತ, ಮ, ಗುಡಿಸು: ಒಟ್ಟು 7 ಚಿಹ್ನೆ, 21 ಬೈಟ್. ಉದ್ದ ಹೇಳುವ ‘ಲೆನ್’ ಕೊಡುವುದು 21. ‘ಚಾರ್ಸ್’ ಬಳಸಿ ಎಣಿಸಿದರೆ 7. ಅಮ್ಮನನ್ನು ಕೇಳಿದರೆ 2. ಮೂರೂ ಸರಿಯೇ, ನಾನು ಕೇಳಬೇಕಾದ್ದು ಯಾವುದನ್ನು ಎಂದು ಯೋಚಿಸಿರಲಿಲ್ಲ. ಇದನ್ನೇ ಸಿ ಭಾಷೆಯಲ್ಲಿ ಬರೆದಿದ್ದರೆ ‘ಷ’ದ ನಡುವೆ ಕಚಕ್ಕನೆ ಕತ್ತರಿಸಿ ಸುಮ್ಮನಾಗುತ್ತಿತ್ತು, ತಪ್ಪು ಗೊತ್ತಾಗುತ್ತಿದ್ದುದು ಮುದ್ರಣವಾದ ಮೇಲೆ.

ನಾನು ಕತ್ತರಿಸಿದ ತುಂಡಿಗೆ ರಸ್ಟ್‌ನಲ್ಲಿ ಬೇರೆಯೇ ಟೈಪ್, ಸ್ಟ್ರಿಂಗ್ ಸ್ಲೈಸ್. ಸ್ಟ್ರಿಂಗ್ ನಮ್ಮದೇ ನೋಟ್‌ಬುಕ್ ಇದ್ದಂತೆ: ಬರೆಯಬಹುದು, ಬೆಳೆಸಬಹುದು. ಮೆಮೊರಿಯ ವಿಳಾಸ, ಉದ್ದ, ಹಿಡಿಸುವ ಸಾಮರ್ಥ್ಯ ಮೂರನ್ನೂ ಅದು ಇಟ್ಟುಕೊಳ್ಳುತ್ತದೆ. ಸ್ಲೈಸ್ ಎಂದರೆ ಗೆಳೆಯನ ನೋಟ್ಸ್ ಮೇಲೆ ‘ಇಲ್ಲಿಂದ ಇಲ್ಲಿವರೆಗೆ’ ಎಂದು ಬೆರಳಿಟ್ಟಂತೆ. ವಿಳಾಸ, ಉದ್ದ ಎರಡೇ. ಗೆಳೆಯ ಪುಸ್ತಕ ಎತ್ತಿಕೊಂಡು ಹೋದಮೇಲೂ ನಾವು ಬೆರಳಿಟ್ಟುಕೊಂಡೇ ಇರುವುದನ್ನು ಕಂಪೈಲರ್ ಒಪ್ಪುವುದಿಲ್ಲ. ಓದಲು ಮಾತ್ರ ಬೇಕಾದ ಫಂಕ್ಷನ್‌ಗೆ ಸ್ಲೈಸ್ ಕೊಟ್ಟರೆ ಸಾಕು. ಇದು ತಿಳಿಯುವವರೆಗೆ, ಕಂಪೈಲರ್ ಬಾಯಿ ಮುಚ್ಚಿಸಲು ನಾನು ಸಿಕ್ಕಸಿಕ್ಕಲ್ಲೆಲ್ಲ ‘ಕ್ಲೋನ್’ ಹಾಕಿ ಇಡೀ ಹೆಸರಿನ ನಕಲು ಮಾಡುತ್ತಿದ್ದೆ. ಇಂಟರ್‌ವ್ಯೂನಲ್ಲಿ ಯಾರಾದರೂ ಇವೆರಡರ ವ್ಯತ್ಯಾಸ ಕೇಳಿದರೆ ಈ ನೋಟ್‌ಬುಕ್ಕಿನ ಉದಾಹರಣೆ ನಿಮಗೂ ಬಂದೀತು.

ಸರಿ, ಬೈಟ್ ಬಿಟ್ಟು ‘ಚಾರ್ಸ್’ ಪ್ರಕಾರ 10 ಚಿಹ್ನೆ ತೆಗೆದುಕೊಂಡೆ. ಲಕ್ಷ್ಮಿ ಪೂರ್ತಿ ಉಳಿದಳು. ಪಟ್ಟಿಯಲ್ಲಿ ಮುಂದಿದ್ದ ರಾಮಚಂದ್ರಯ್ಯನವರದು 11 ಚಿಹ್ನೆ. ಪ್ರೋಗ್ರಾಂ ನಿಲ್ಲಲಿಲ್ಲ, ಆದರೆ ಪರದೆಯ ಮೇಲೆ ಬಂದದ್ದು ‘ರಾಮಚಂದ್ರಯ್’. ಕೊನೆಯ ಒತ್ತಕ್ಷರ ಮಾಯ. ಈ ಬಾರಿ ಎಚ್ಚರಿಸಲು ರಸ್ಟ್ ಬರಲಿಲ್ಲ, ಅದರ ಲೆಕ್ಕದಲ್ಲಿ ಏನೂ ತಪ್ಪಾಗಿರಲಿಲ್ಲ. ಹಿರಿಯರೊಬ್ಬರ ಎದೆಯ ಮೇಲೆ ಅರ್ಧ ಹೆಸರು ಅಂಟಿಸುವುದು ಹೇಗೆ?

ಕತ್ತರಿಸುವ ಸಾಲನ್ನೇ ಅಳಿಸಿದೆ. ಹೆಸರು ಉದ್ದವಾದರೆ ಫಾಂಟ್ ಚಿಕ್ಕದಾಗುವಂತೆ ಮಾಡಿದೆ. ಸಭೆಯ ದಿನ ಬ್ಯಾಡ್ಜ್ ಹಾಕಿಕೊಂಡ ಅಮ್ಮ ಅದನ್ನೊಮ್ಮೆ ಬಗ್ಗಿ ನೋಡಿ, ‘ಇನಿಷಿಯಲ್ ಹಾಕೋದು ಮರೆತೆಯಲ್ಲೋ’ ಎಂದಳು.