ಸ್ಪೂನರ್ ಆಡದ ಮಾತುಗಳು

ಬಿಸಿ ಕಾಫಿ ಕೇಳಲು ಹೊರಟವರ ಬಾಯಲ್ಲಿ ‘ಕಿಸಿ ಬಾಫಿ’ ಬಂದುಬಿಟ್ಟರೆ ಇಂಗ್ಲಿಷಿನವರು ಅದನ್ನು ಸ್ಪೂನರಿಸಂ ಎನ್ನುತ್ತಾರೆ. ಈ ಹೆಸರಿಗೆ ಕಾರಣರಾದವರು ಆಂಗ್ಲಿಕನ್ ಪಾದ್ರಿ ರೆವರೆಂಡ್ ವಿಲಿಯಂ ಆರ್ಚಿಬಾಲ್ಡ್ ಸ್ಪೂನರ್ (1844–1930). ಆಕ್ಸ್‌ಫರ್ಡಿನ ನ್ಯೂ ಕಾಲೇಜಿನ ವಾರ್ಡನ್ ಆಗಿದ್ದವರು. ಅವರನ್ನು ಕುರಿತು ಹರಡಿರುವ ಕತೆಗಳಲ್ಲಿ ಬಹುಪಾಲು ಹುಡುಗರ ಕೈಚಳಕ.

ತಪ್ಪು ಕಲ್ಪನೆ: ವಾರ್ಡನ್ ಅಂದರೆ ಹಾಸ್ಟೆಲ್ ನೋಡಿಕೊಳ್ಳುವವರು.

ವಾಸ್ತವ: ನಮ್ಮಲ್ಲಿ ಹೌದು. ನ್ಯೂ ಕಾಲೇಜಿನಲ್ಲಿ ಇಡೀ ಕಾಲೇಜಿನ ಮುಖ್ಯಸ್ಥರಿಗೇ ಆ ಹೆಸರು. ಸ್ಪೂನರ್ 1903ರಿಂದ 1924ರವರೆಗೆ ಆ ಪೀಠದಲ್ಲಿದ್ದರು. ಅಂದ ಹಾಗೆ, ಹೆಸರು ‘ನ್ಯೂ’ ಆದರೂ ಕಾಲೇಜು ಶುರುವಾದದ್ದು 1379ರಲ್ಲಿ!

ತಪ್ಪು ಕಲ್ಪನೆ: ಆ ಪ್ರಸಿದ್ಧ ಎಡವಟ್ಟು ಮಾತುಗಳೆಲ್ಲ ಅವರವೇ.

ವಾಸ್ತವ: ಎಲ್ಲರಿಗೂ ಬಾಯಿಪಾಠವಾಗಿರುವ ಕತೆ ಇದು. ತರಗತಿಗೆ ಚಕ್ಕರ್ ಹಾಕುತ್ತಿದ್ದ ಹುಡುಗನಿಗೆ, ಹಿಸ್ಟರಿ ಪಾಠಗಳನ್ನೆಲ್ಲ ‘ಮಿಸ್’ ಮಾಡಿದ್ದೀಯ ಎನ್ನಲು ಹೋಗಿ, ಮಿಸ್ಟರಿ ಪಾಠಗಳನ್ನೆಲ್ಲ ‘ಹಿಸ್’ ಮಾಡಿದ್ದೀಯ ಎಂದರಂತೆ. ಮುಂದಿನ ಡೌನ್ ಟ್ರೇನ್ ಹಿಡಿದು ಊರು ಬಿಡು ಎನ್ನುವ ಬದಲು ಟೌನ್ ಡ್ರೇನ್ ಹಿಡಿ ಎಂದರಂತೆ. ಸ್ವಲ್ಪ ಯೋಚಿಸಿದರೆ ಗುಟ್ಟು ಹೊರಬೀಳುತ್ತದೆ. ನಾಲಿಗೆ ತಪ್ಪಿದಾಗ ಒಮ್ಮೊಮ್ಮೆ ಅರ್ಥವುಳ್ಳ ಪದ ಬರಬಹುದು. ಆದರೆ ಒಂದೇ ಉಸಿರಿನಲ್ಲಿ ಸಾಲುಸಾಲಾಗಿ, ಪ್ರತಿ ಸಲವೂ ನಗೆ ಉಕ್ಕಿಸುವಂಥ ಪದಗಳೇ ಬರುವುದಿಲ್ಲ. ಇದು ಕೂತು ಹೆಣೆದ ಮಾತು. ಆಕ್ಸ್‌ಫರ್ಡಿನ ಹುಡುಗರಿಗೆ ಬಿಡುವೂ ಇತ್ತು, ಕಿಡಿಗೇಡಿತನವೂ ಇತ್ತು.

ನಿಜವಾಗಿ ಸ್ಪೂನರ್ ಬಾಯಿಂದ ಬಂದದ್ದೆಂದು ನಂಬಬಹುದಾದವು ಬೆರಳೆಣಿಕೆಯಷ್ಟು. 1979ರ ಆಕ್ಸ್‌ಫರ್ಡ್ ಉಕ್ತಿಕೋಶವು ದೃಢಪಟ್ಟದ್ದೆಂದು ಒಪ್ಪಿದ್ದು ಒಂದನ್ನೇ. ಕೂಲಿಯ ದರ ಎಂಬರ್ಥದ ‘ರೇಟ್ ಆಫ್ ವೇಜಸ್’ ಅವರ ಬಾಯಲ್ಲಿ ‘ವೇಟ್ ಆಫ್ ರೇಜಸ್’ ಆಗಿತ್ತು. ಚಾಪೆಲ್‌ನಲ್ಲಿ ಸ್ತುತಿಗೀತೆಯ ಮೊದಲ ಸಾಲು ಹೇಳುವಾಗ ‘ಕಾಂಕರಿಂಗ್ ಕಿಂಗ್ಸ್’ ಎಂಬುದು ‘ಕಿಂಕರಿಂಗ್ ಕಾಂಗ್ಸ್’ ಆಯಿತೆಂಬುದು ಇನ್ನೊಂದು. ಅದೊಂದನ್ನು ಮಾತ್ರ ಕೊನೆಗಾಲದಲ್ಲಿ ಅವರೇ ಒಪ್ಪಿಕೊಂಡಿದ್ದರೆನ್ನುತ್ತಾರೆ. ಎರಡೂ ಸಪ್ಪೆ, ಅದಕ್ಕೇ ನಂಬಬಹುದು.

ತಪ್ಪು ಕಲ್ಪನೆ: ಪಾಪ, ಮಂಕು ಮನುಷ್ಯ.

ವಾಸ್ತವ: ನ್ಯೂ ಕಾಲೇಜು ಐದು ಶತಮಾನಗಳ ಕಾಲ ವಿಂಚೆಸ್ಟರ್ ಶಾಲೆಯ ಹುಡುಗರ ಸೊತ್ತಾಗಿತ್ತು. ಎರಡನ್ನೂ ಕಟ್ಟಿದವರು ಒಬ್ಬರೇ, ವೈಕಮ್‌ನ ವಿಲಿಯಂ. ಆಸ್ವೆಸ್ಟ್ರಿ ಶಾಲೆಯ ಸ್ಪೂನರ್ 1862ರಲ್ಲಿ ವಿದ್ಯಾರ್ಥಿವೇತನ ಗೆದ್ದು ಒಳಹೊಕ್ಕರು. ವಿಂಚೆಸ್ಟರಿನ ಹೊರಗಿನಿಂದ ಬಂದ ಮೊದಲಿಗರು ಅವರೇ ಎನ್ನುತ್ತಾರೆ. ಮುಂದೆ ಫೆಲೋ, ಟ್ಯೂಟರ್, ಡೀನ್ ಆಗಿ ಮೆಟ್ಟಿಲು ಹತ್ತುತ್ತ, ಅರುವತ್ತು ವರ್ಷಕ್ಕೂ ಮಿಕ್ಕಿ ಅದೇ ಕಾಲೇಜಿನಲ್ಲಿ ಉಳಿದರು. ಪ್ರಾಚೀನ ಇತಿಹಾಸ, ದೇವಶಾಸ್ತ್ರ, ಅರಿಸ್ಟಾಟಲನ ನೀತಿಶಾಸ್ತ್ರ ಕಲಿಸಿದರು. ರೋಮನ್ ಇತಿಹಾಸಕಾರ ಟ್ಯಾಸಿಟಸ್‌ನ ‘ಹಿಸ್ಟರೀಸ್’ ಗ್ರಂಥವನ್ನು ಸಂಪಾದಿಸಿದರು. ಹುಟ್ಟಿನಿಂದ ಅವರ ಮೈಬಣ್ಣ, ಕೂದಲು ಬೆಳ್ಳಗೆ. ದೃಷ್ಟಿ ಮಂದ, ಪುಸ್ತಕವನ್ನು ಮುಖಕ್ಕೆ ತಾಗಿಸಿಕೊಂಡು ಓದಬೇಕು. ಆ ಕಣ್ಣುಗಳಿಂದ ಲ್ಯಾಟಿನ್ ಪಠ್ಯ ತಿದ್ದಿದವರನ್ನು ಮಂಕು ಎನ್ನಲು ನನಗಂತೂ ಬಾಯಿ ಬರುವುದಿಲ್ಲ.

ತಪ್ಪು ಕಲ್ಪನೆ: ಪಾದ್ರಿಯಾದ್ದರಿಂದ ಬ್ರಹ್ಮಚಾರಿ.

ವಾಸ್ತವ: ಆಂಗ್ಲಿಕನ್ ಪಾದ್ರಿಗಳು ಮದುವೆಯಾಗಬಹುದು. ಸ್ಪೂನರ್ 1878ರಲ್ಲಿ ಕಾರ್ಲೈಲ್‌ನ ಬಿಷಪ್ಪರ ಮಗಳನ್ನು ವರಿಸಿದರು.

ತಪ್ಪು ಕಲ್ಪನೆ: ನಗೆಯ ಕತೆಗಳಾಚೆ ಅವರು ಬಿಟ್ಟುಹೋದದ್ದು ಏನೂ ಇಲ್ಲ.

ವಾಸ್ತವ: ಮೊದಲ ಮಹಾಯುದ್ಧದಲ್ಲಿ ಕಾಲೇಜಿನ ಹುಡುಗರು ನೂರಾರು ಸಂಖ್ಯೆಯಲ್ಲಿ ಸತ್ತರು. ಇಲ್ಲೇ ಓದಿ, ಜರ್ಮನಿಗೆ ಮರಳಿ, ಆ ಕಡೆಯಿಂದ ಹೋರಾಡಿ ಮಡಿದವರೂ ಇದ್ದರು. ಅವರೂ ನಮ್ಮವರೇ, ಅವರನ್ನೂ ನೆನೆಯಬೇಕು ಎಂಬುದು ಸ್ಪೂನರ್ ನಿಲುವು. ಇಂಗ್ಲೆಂಡಿನಲ್ಲಿ ಜರ್ಮನ್ ಹೆಸರೆತ್ತಿದರೆ ಜನ ಉರಿದುಬೀಳುತ್ತಿದ್ದ ಕಾಲ ಅದು. ಇಂದು ಚಾಪೆಲ್‌ನ ಗೋಡೆಯ ಮೇಲೆ ಮೂವರು ಜರ್ಮನರ ಹೆಸರು ಕೆತ್ತಿದ ಪ್ರತ್ಯೇಕ ಫಲಕವಿದೆ. ಸ್ಪೂನರ್ ಹೆಸರು ಯಾವುದಕ್ಕಾದರೂ ಉಳಿಯಬೇಕಿದ್ದರೆ ಇದಕ್ಕೆ ಉಳಿಯಬೇಕಿತ್ತು.

ತಪ್ಪು ಕಲ್ಪನೆ: ಈ ಖ್ಯಾತಿ ಅವರಿಗೂ ಖುಷಿ ಕೊಟ್ಟಿತ್ತು.

ವಾಸ್ತವ: ಒಮ್ಮೆ ಹುಡುಗರು ಗುಂಪುಗೂಡಿ ಭಾಷಣ ಮಾಡಿ ಎಂದು ಕೂಗಿದಾಗ, ನಿಮಗೆ ಬೇಕಾದದ್ದು ಭಾಷಣವಲ್ಲ, ನನ್ನ ಬಾಯಿಂದ ‘ಅಂಥದ್ದೊಂದು’ ಉದುರಬೇಕು, ಅಷ್ಟೇ ಎಂದು ರೇಗಿದರೆಂಬ ಕತೆಯಿದೆ. ಇದೂ ಹುಡುಗರೇ ದಾಟಿಸಿದ ಕತೆ. ಆದರೆ ಇದರಲ್ಲಿ ಒಂದಕ್ಷರವೂ ಅದಲುಬದಲಾಗಿಲ್ಲ.