ಕೊನೆಯ ಬರ್ತ್ ಯಾರಿಗೆ?

ಬೆಳಿಗ್ಗೆ 10ಕ್ಕೆ ಎ.ಸಿ. ತತ್ಕಾಲ್ ಶುರು. ಕಾವೇರಿ ಎಕ್ಸ್‌ಪ್ರೆಸ್‌ನಲ್ಲಿ ಚೆನ್ನೈಗೆ ಹೊರಟವರೊಬ್ಬರು ಚಾಮರಾಜಪುರಂನ ಮನೆಯಲ್ಲಿ ಮೊಬೈಲ್ ಒತ್ತುತ್ತಿದ್ದಾರೆ. ಅದೇ ಗಳಿಗೆಯಲ್ಲಿ ಮೈಸೂರು ಜಂಕ್ಷನ್‌ನ ಕೌಂಟರಿನಲ್ಲಿ ಇನ್ನೊಬ್ಬರ ಫಾರಂ ಒಳಗೆ ಹೋಗಿದೆ. ಉಳಿದಿರುವುದು ಒಂದೇ ಬರ್ತ್.

ಮೊದಲು ಈ ಪಂಚಾಯ್ತಿಯನ್ನು ಲೆಡ್ಜರೇ ಬಗೆಹರಿಸುತ್ತಿತ್ತು. ಪುಸ್ತಕ ಒಬ್ಬ ಗುಮಾಸ್ತರ ಕೈಯಲ್ಲಿದ್ದಾಗ ಇನ್ನೊಬ್ಬರು ಅದರಲ್ಲಿ ಬರೆಯುವಂತಿರಲಿಲ್ಲ. ಆದರೆ ಆ ಪುಸ್ತಕ ಇರುವ ಕಿಟಕಿಯನ್ನೇ ಹುಡುಕಿಕೊಂಡು ಹೋಗಿ ಸಾಲಿನಲ್ಲಿ ನಿಲ್ಲಬೇಕಿತ್ತು. 1985ರಲ್ಲಿ ದೆಹಲಿಯಲ್ಲಿ ಗಣಕೀಕೃತ ರಿಸರ್ವೇಶನ್ ಆರಂಭವಾಯಿತು. ಆಮೇಲೆ ರೈಲ್ವೆಯದೇ ಆದ 'ಕ್ರಿಸ್' ಸಂಸ್ಥೆ 'ಕನ್ಸರ್ಟ್' ತಂತ್ರಾಂಶ ರೂಪಿಸಿತು. 1999ರ ಹೊತ್ತಿಗೆ ದೆಹಲಿ, ಮುಂಬಯಿ, ಕೋಲ್ಕತ್ತ, ಚೆನ್ನೈ, ಸಿಕಂದರಾಬಾದ್ ಕೇಂದ್ರಗಳು ಒಂದೇ ಜಾಲಕ್ಕೆ ಬಂದವು.

ಈ ಜಾಲದ ತಳಪಾಯ ಅಮೆರಿಕದ 'ಡಿಜಿಟಲ್' ಎಂಬ ಕಂಪನಿಯು 1977ರಲ್ಲಿ ಘೋಷಿಸಿದ ವಿಎಂಎಸ್ ಎಂಬ ಆಪರೇಟಿಂಗ್ ಸಿಸ್ಟಂ. ಓಪನ್‌ವಿಎಂಎಸ್ ಎಂಬುದು ಅದರ ನಂತರದ ಹೆಸರು. ನೂರಾರು ಟರ್ಮಿನಲ್‌ಗಳಿಗೆ ಒಂದೇ ಯಂತ್ರದ ಸಮಯವನ್ನೂ ಮೆಮೊರಿಯನ್ನೂ ಹಂಚಿಕೊಡುವುದು, ಒಬ್ಬರ ಪ್ರೋಗ್ರಾಂ ಕೆಟ್ಟರೆ ಮಿಕ್ಕವರದಕ್ಕೆ ತಾಗದಂತೆ ಕಾಯುವುದು ಅದರ ಕೆಲಸ. ಅದನ್ನು ಕಟ್ಟಿದವರಲ್ಲಿ ಪ್ರಮುಖರಾದ ಡೇವ್ ಕಟ್ಲರ್ 1988ರಲ್ಲಿ ಮೈಕ್ರೋಸಾಫ್ಟ್ ಸೇರಿ ವಿಂಡೋಸ್ ಎನ್‌ಟಿ ಕಟ್ಟಿದರು. ನಮ್ಮ ಲ್ಯಾಪ್‌ಟಾಪಿನ ವಿಂಡೋಸ್ ಅದೇ ವಂಶದ್ದು. ಹಳೆಯದೆಂದು ವಿಎಂಎಸ್ ಅನ್ನು ಹಗುರವಾಗಿ ಕಾಣುವುದು ನನಗೆ ಒಪ್ಪಿಗೆಯಿಲ್ಲ: 2025ರ ಮೇ 22ರಂದು ಅದರ ಮೇಲೆಯೇ ಒಂದು ನಿಮಿಷದಲ್ಲಿ 31,814 ಟಿಕೆಟ್ ಬುಕ್ ಆದವು.

ಬರ್ತ್ ಹಂಚುವಾಗ ನಡೆಯುವುದನ್ನು ಡೇಟಾಬೇಸ್‌ನವರು 'ಟ್ರಾನ್ಸಾಕ್ಷನ್' ಎನ್ನುತ್ತಾರೆ. 1970ರ ದಶಕದಲ್ಲಿ ಐಬಿಎಂನಲ್ಲಿದ್ದ ಜಿಮ್ ಗ್ರೇ ಇದಕ್ಕೆ ಗಟ್ಟಿ ನೆಲೆ ಕೊಟ್ಟರು. ಯಾವ ಕೋರಿಕೆ ಕೂದಲೆಳೆಯಷ್ಟು ಮುಂಚೆ ತಲುಪುತ್ತದೋ ಅದಕ್ಕಾಗಿ ಆ ದಾಖಲೆಗೆ ಬೀಗ ಬೀಳುತ್ತದೆ, ಆಮೇಲೆ ಬಂದದ್ದು ಕಾಯಬೇಕು. ಏನು ಬದಲಾಗಲಿದೆ ಎಂಬುದು ಮೊದಲು 'ಲಾಗ್' ಎಂಬ ಕಡತಕ್ಕೆ ಹೋಗುತ್ತದೆ. ಬರ್ತ್ ಸಂಖ್ಯೆ, ಹೆಸರು, 10 ಅಂಕಿಯ ಪಿಎನ್‌ಆರ್ ಎಲ್ಲ ಸೇರಿದ ಮೇಲೆ 'ಕಮಿಟ್', ಅಂದರೆ ಖಾಯಂ, ಆಗಿ ಬೀಗ ತೆರೆಯುತ್ತದೆ. ನಡುವೆ ಕರೆಂಟ್ ಹೋದರೆ ಡೇಟಾಬೇಸ್ ಆಮೇಲೆ ಲಾಗ್ ನೋಡಿ ಅರೆಬರೆ ಕೆಲಸವನ್ನೆಲ್ಲ ಅಳಿಸಿಹಾಕುತ್ತದೆ. ಎಲ್ಲವೂ ಆಗಬೇಕು, ಇಲ್ಲವೇ ಏನೂ ಆಗಬಾರದು.

ಹಾಗಿದ್ದರೆ ಹಣ ಹೋಗಿ ಟಿಕೆಟ್ ಬಾರದಿರುವುದು ಹೇಗೆ? ಬ್ಯಾಂಕಿನ ಡೇಟಾಬೇಸೇ ಬೇರೆ, ರೈಲ್ವೆಯದೇ ಬೇರೆ. ಒಂದರ ಬೀಗ ಇನ್ನೊಂದಕ್ಕೆ ಹತ್ತುವುದಿಲ್ಲ, ಹಾಗಾಗಿ ಅಲ್ಲಿ ಹಣ ಕಡಿತವಾಗಿ ಇಲ್ಲಿ ಟಿಕೆಟ್ ಆಗದೆ ಉಳಿಯಬಹುದು. ಆನ್‌ಲೈನಿನಲ್ಲಿ ಹಣ ಕಟ್ಟಿದ ಮೇಲಷ್ಟೇ ಬರ್ತ್ ಹಂಚಿಕೆ. ನೀವು ಒಟಿಪಿ ಒತ್ತುವಷ್ಟರಲ್ಲಿ ಕೌಂಟರಿನವರಿಗೆ ಅದು ಹೋಗಿರಬಹುದು. ಆಗ ಕೈಗೆ ಬರುವುದು ವೇಟಿಂಗ್ ಲಿಸ್ಟ್. ಅದು ಬೇಡವಾದರೆ, ಖಚಿತ ಬರ್ತ್ ಸಿಕ್ಕರೆ ಮಾತ್ರ ಬುಕ್ ಮಾಡುವಂತೆ ಹೇಳುವ ಆಯ್ಕೆ ಐಆರ್‌ಸಿಟಿಸಿಯಲ್ಲಿದೆ. ಹಣ ಕಟ್ಟುವ ಮೊದಲೇ ಅದಕ್ಕೆ ಟಿಕ್ ಹಾಕಿ. ಬರ್ತ್ ಸಿಗದಿದ್ದರೆ ಹಣ ವಾಪಸ್ ಬರುತ್ತದೆ.